ತೆರೆ ಬೀಳುವ ಮುನ್ನ ಕ್ಯಾಮೆರಾ ಬರಲಿ

ಸತ್ಯಜಿತ್ ರೇ ಅವರು 1976ರಲ್ಲಿ ನಿರ್ದೇಶಿಸಿದ ‘ಬಾಲಾ’ ಎಂಬ ಸಾಕ್ಷ್ಯಚಿತ್ರದ ಅವಧಿ 33 ನಿಮಿಷ. ಭರತನಾಟ್ಯದ ಮಹಾನ್ ಕಲಾವಿದೆ ಟಿ. ಬಾಲಸರಸ್ವತಿಯವರೇ ಅದರ ವಸ್ತು. 1925ರಲ್ಲಿ, ಏಳರ ಹರೆಯದಲ್ಲಿ, ಕಾಂಚೀಪುರದಲ್ಲಿ ಗೆಜ್ಜೆ ಕಟ್ಟಿ ಮೊದಲ ಬಾರಿಗೆ ರಂಗವೇರಿದ್ದ ಈ ಕಲಾವಿದೆಗೆ ರೇ ಅವರ ಕ್ಯಾಮೆರಾದ ಮುಂದೆ ನಿಲ್ಲುವ ಹೊತ್ತಿಗೆ 58 ವರ್ಷಗಳಾಗಿದ್ದವು. ರೇ ಅವರಾದರೋ ಆಕೆಯ ನೃತ್ಯವನ್ನು 1935ರಷ್ಟು ಹಿಂದೆಯೇ, ತಾವಿನ್ನೂ ಹುಡುಗನಾಗಿದ್ದಾಗ, ಕಲ್ಕತ್ತೆಯಲ್ಲಿ ನೋಡಿದ್ದರು. ನೋಡಿದ್ದಕ್ಕೂ ಚಿತ್ರಿಸಿದ್ದಕ್ಕೂ ನಡುವಿನ ಅಂತರ 41 ವರ್ಷ.

ಈ 41 ವರ್ಷಗಳ ಅಂತರದಲ್ಲಿ ನಮ್ಮ ದೇಶದ ಸಾಂಸ್ಕೃತಿಕ ನಡವಳಿಕೆಯೊಂದು ಅಡಗಿದೆಯೆಂದು ನನಗೆ ತೋರುತ್ತದೆ. ರಂಗದ ಮೇಲೆ ಬದುಕು ಸವೆಸಿದವರನ್ನು ನಾವು ಚಪ್ಪಾಳೆಯಿಂದ ಗೌರವಿಸುತ್ತೇವೆ, ಬಿರುದಿನಿಂದ ಅಲಂಕರಿಸುತ್ತೇವೆ, ಶಾಲು ಹೊದಿಸಿ ಹಣ್ಣಿನ ಬುಟ್ಟಿ ಕೊಡುತ್ತೇವೆ. ಆದರೆ ಅವರ ಕಲೆಯನ್ನು ದಾಖಲಿಸುವ ಕೆಲಸ ಮಾತ್ರ ಸದಾ ಸರದಿಯ ಕೊನೆಯಲ್ಲಿ ನಿಲ್ಲುತ್ತದೆ. ‘ಬಾಲಾ’ ಚಿತ್ರವನ್ನು ತೆಗೆಯುವ ಯೋಚನೆ 1966ರಲ್ಲಿಯೇ ಇತ್ತು. ಅದು ಕೈಗೂಡಲು ತಮಿಳುನಾಡು ಸರ್ಕಾರ ಮತ್ತು ಮುಂಬಯಿಯ ರಾಷ್ಟ್ರೀಯ ಪ್ರದರ್ಶನ ಕಲೆಗಳ ಕೇಂದ್ರದ ನೆರವು ಒದಗಬೇಕಾಯಿತು. ಅಷ್ಟರಲ್ಲಿ ಇನ್ನೂ ಹತ್ತು ವರ್ಷ ಕಳೆದಿತ್ತು. ಅಮೆರಿಕದ ವೆಸ್ಲಿಯನ್ ವಿಶ್ವವಿದ್ಯಾಲಯವು 1962ರಲ್ಲಿಯೇ ಆಕೆಯ ಅಭಿನಯವನ್ನು ಚಿತ್ರೀಕರಿಸಿಕೊಂಡಿತ್ತೆಂಬುದನ್ನು ನೆನೆದರೆ ನಮ್ಮ ವಿಳಂಬ ಇನ್ನಷ್ಟು ಎದ್ದು ಕಾಣುತ್ತದೆ. 1955ರಲ್ಲಿ ಸಂಗೀತ ನಾಟಕ ಅಕಾಡೆಮಿಯ ಪ್ರಶಸ್ತಿ, 1957ರಲ್ಲಿ ಪದ್ಮಭೂಷಣ, 1973ರಲ್ಲಿ ಮದರಾಸಿನ ಮ್ಯೂಸಿಕ್ ಅಕಾಡೆಮಿಯ ಸಂಗೀತ ಕಲಾನಿಧಿ. ಇವೆಲ್ಲವೂ ಬಂದ ಬಳಿಕವೇ ಸ್ವದೇಶದ ಕ್ಯಾಮೆರಾ ಬಂದದ್ದು.

ತಡವಾದುದಕ್ಕೆ ರೇ ಅವರು ಹೇಳಿಕೊಂಡ ಸಮಾಧಾನದ ಸಾರ ಇಷ್ಟು: ಬಾಲಸರಸ್ವತಿಯವರನ್ನು ತುಂಬು ಪ್ರಾಯದಲ್ಲಿ ಚಿತ್ರಿಸಲಾಗಲಿಲ್ಲ ನಿಜ, ಆದರೆ ಚಿತ್ರಿಸದೆಯೇ ಬಿಡುವುದಕ್ಕಿಂತ 58ರಲ್ಲಿ ಚಿತ್ರಿಸಿದ್ದು ಮೇಲು. ಈ ಮಾತನ್ನು ನಾನು ಅರ್ಧ ಒಪ್ಪುತ್ತೇನೆ. ನೃತ್ತದ ಮಟ್ಟಿಗೆ, ಅಂದರೆ ಹೆಜ್ಜೆಯ ವೇಗ ಮತ್ತು ಅಂಗಗಳ ಚಪಲತೆಯ ಮಟ್ಟಿಗೆ, ಅದು ಸರಿ. ಅಭಿನಯದ ಮಟ್ಟಿಗೆ ಹೇಳುವುದಾದರೆ 58 ಎಂಬುದು ಕೇವಲ ‘ಇಲ್ಲದ್ದಕ್ಕಿಂತ ಮೇಲು’ ಎನ್ನುವಂಥದ್ದಲ್ಲ. 28ರಲ್ಲಿ ಸಿಕ್ಕದ ಒಂದು ಸಂಗತಿ ಅಲ್ಲಿ ಸಿಕ್ಕುತ್ತದೆ.

ಇದಕ್ಕೆ ಆಧಾರ ಆ ಚಿತ್ರದಲ್ಲಿಯೇ ಇದೆ, ಅದೂ ಕನ್ನಡದಲ್ಲಿದೆ. ‘ಕೃಷ್ಣಾ ನೀ ಬೇಗನೆ ಬಾರೋ’ ಎಂಬ ವ್ಯಾಸರಾಯರ ದೇವರನಾಮ ಬಾಲಸರಸ್ವತಿಯವರ ಹೆಸರಿನೊಡನೆ ಬೆರೆತುಹೋದ ಅಭಿನಯ. ಯಮುನಾ ಕಲ್ಯಾಣಿಯ ಆ ಪದವನ್ನು ಅವರು ಚಿತ್ರದಲ್ಲಿ ಕಡಲ ದಂಡೆಯ ಮೇಲೆ ನಿಂತು ಅಭಿನಯಿಸುತ್ತಾರೆ. ತಾಯಿ ಮಗುವನ್ನು ಕರೆಯುತ್ತಾಳೆ; ವಸ್ತು ಇಷ್ಟೇ. ಹದಿಹರೆಯದ ನರ್ತಕಿ ಇದನ್ನು ಮಾಡಿದಾಗ ನಾವು ಅವಳ ಕಲಿಕೆಯನ್ನು ನೋಡುತ್ತೇವೆ. ಅವಳು ತಾಯ್ತನವನ್ನು ಊಹಿಸಿಕೊಂಡಿರುತ್ತಾಳೆ. ಬದುಕಿನ ಬಹುಪಾಲನ್ನು ಕಂಡುಂಡ ಹೆಂಗಸು ಅದೇ ಪದಕ್ಕೆ ಕೈ ಚಾಚಿದಾಗ ಆ ಕರೆಯಲ್ಲಿ ವಾತ್ಸಲ್ಯದ ಜೊತೆಗೆ ಬಾರದೇ ಹೋದವರ ನೆನಪೂ ಸೇರಿಕೊಳ್ಳುತ್ತದೆ. ಮುಖದ ಗೆರೆಗಳು ಇಲ್ಲಿ ಕೊರತೆಯಲ್ಲ, ಅರ್ಥದ ಭಾಗ. ಉಡುಪಿಯ ಕೃಷ್ಣನ ನೆನಪಿನಲ್ಲಿ ಮುಗಿಯುವ ಈ ದೇವರನಾಮಕ್ಕೆ ತಂಜಾವೂರಿನ ದೇವದಾಸಿ ಪರಂಪರೆಯ ಮನೆತನವೊಂದರಲ್ಲಿ ಹುಟ್ಟಿದ, ತಮಿಳು ಮಾತೃಭಾಷೆಯ ಕಲಾವಿದೆಯೊಬ್ಬರು ಲೋಕಪ್ರಸಿದ್ಧಿ ತಂದರೆಂಬುದು ಕನ್ನಡಿಗರು ಕೃತಜ್ಞತೆಯಿಂದ ನೆನೆಯಬೇಕಾದ ಸಂಗತಿ.

ಹಾಗೆಂದು ಚಿತ್ರ ದೋಷರಹಿತವೇನಲ್ಲ. ಆ ಕಡಲ ದಂಡೆ ಅಲ್ಲಿ ಅನಗತ್ಯವಾಗಿತ್ತು ಎಂಬುದು ನನ್ನ ಅಭಿಪ್ರಾಯ. ಗಾಳಿಗೆ ಸೀರೆ ಹಾರಾಡುತ್ತದೆ. ಹಿನ್ನೆಲೆಯ ಅಲೆಗಳು ಕಣ್ಣನ್ನು ತಮ್ಮತ್ತ ಸೆಳೆಯುತ್ತವೆ. ಅಭಿನಯವೆಂಬುದು ಬರಿಯ ರಂಗದ ಮೇಲೆ ಗೋಕುಲವನ್ನು ಕಟ್ಟಬಲ್ಲ ವಿದ್ಯೆ. ಅದಕ್ಕೆ ನಿಜವಾದ ಸಮುದ್ರದ ನೆರವು ಬೇಕಿಲ್ಲ. ಕಲಾವಿದೆಯ ಎದುರು ಸುಮ್ಮನೆ ನಿಂತು ನೋಡುವ ಸಂಯಮ ರೇ ಅವರಂಥ ನಿರ್ದೇಶಕರಿಗೂ ಕ್ಷಣಕಾಲ ತಪ್ಪಿತೆಂದರೆ ಉಳಿದವರ ಪಾಡೇನು? ಆದರೆ ಚಿತ್ರದ ಕೊನೆಯ ಭಾಗದಲ್ಲಿ ಅವರು ಆ ಸಂಯಮವನ್ನು ಮರಳಿ ಪಡೆಯುತ್ತಾರೆ. ರಾಗಮಾಲಿಕೆಯ ವರ್ಣವೊಂದನ್ನು ಬಾಲಸರಸ್ವತಿಯವರು ನರ್ತಿಸುತ್ತಾರೆ. ಕಾಲಿಗೆ ಕಟ್ಟಿರುವುದು ಏಳನೆಯ ವಯಸ್ಸಿನ ರಂಗಪ್ರವೇಶದಂದು ಕಟ್ಟಿದ್ದ ಅದೇ ಗೆಜ್ಜೆ. ಇಲ್ಲಿ ಕಲಾವಿದೆ ತನ್ನ ಬಗ್ಗೆ ಏನನ್ನೂ ಹೇಳುವುದಿಲ್ಲ. ತನ್ನ ಕೆಲಸವನ್ನು ಮಾಡುತ್ತಾಳೆ, ನಾವು ನೋಡುತ್ತೇವೆ. ಮುಪ್ಪಿನತ್ತ ಸಾಗಿದ ಕಲಾವಿದರನ್ನು ಕುರಿತ ಸಾಕ್ಷ್ಯಚಿತ್ರದ ಮೊದಲ ಧರ್ಮ ಇದೇ ಎಂದು ನಾನು ನಂಬಿದ್ದೇನೆ. ಅವರು ಏನಾಗಿದ್ದರು ಎಂಬುದನ್ನು ಇತರರ ಬಾಯಲ್ಲಿ ಹೇಳಿಸುವುದಕ್ಕಿಂತ ಅವರು ಈಗಲೂ ಏನನ್ನು ಮಾಡಬಲ್ಲರು ಎಂಬುದನ್ನು ತೋರಿಸಬೇಕು.

ಇದಕ್ಕೆ ಎರಡು ಆಕ್ಷೇಪಗಳುಂಟು. ಎರಡೂ ಹಗುರವಾದುವಲ್ಲ.

ಮೊದಲನೆಯದು ಘನತೆಯ ಪ್ರಶ್ನೆ. ಕಲಾವಿದರನ್ನು ಅವರ ಉಚ್ಛ್ರಾಯ ಕಾಲದಲ್ಲಿ ಕಂಡವರು, ಆ ಬಿಂಬವೇ ಮನಸ್ಸಿನಲ್ಲಿ ಉಳಿಯಲಿ, ಇಳಿಗಾಲದ ದೇಹವನ್ನು ಕ್ಯಾಮೆರಾದ ಕಟುವಾದ ಕಣ್ಣಿಗೆ ಒಡ್ಡುವುದು ಬೇಡ ಎನ್ನುತ್ತಾರೆ. ರಂಗಭೂಮಿ ವಯಸ್ಸಿಗೆ ಉದಾರಿ ಎಂಬುದು ನಿಜ. ಬಣ್ಣ, ಬೆಳಕು ಮತ್ತು ಪ್ರೇಕ್ಷಕನಿಗೂ ರಂಗಕ್ಕೂ ನಡುವಿನ ದೂರ ಸೇರಿ ಅಲ್ಲಿ ಏನನ್ನು ಬೇಕಾದರೂ ಸಾಧ್ಯವಾಗಿಸುತ್ತವೆ. ಎಳೆಯ ವಯಸ್ಸಿನಲ್ಲಿ ಸ್ತ್ರೀಪಾತ್ರಗಳಿಂದ ಹೆಸರಾದ ಏಣಗಿ ಬಾಳಪ್ಪನವರು ಮುಂದೆ ಬಸವಣ್ಣನಾಗಿ ಉತ್ತರ ಕರ್ನಾಟಕದ ಜನಮನದಲ್ಲಿ ನೆಲೆಸಿದರು. 1958ರಲ್ಲಿ ಮಹಿಳೆಯರದೇ ಆದ ‘ಸ್ತ್ರೀ ನಾಟಕ ಮಂಡಳಿ’ಯನ್ನು ಕಟ್ಟಿದ ಆರ್. ನಾಗರತ್ನಮ್ಮನವರು ಕಂಸನಾಗಿ, ದುರ್ಯೋಧನನಾಗಿ ಗರ್ಜಿಸಿದರು. ಹೆಣ್ಣು ಗಂಡಾಗುವ, ಗಂಡು ಹೆಣ್ಣಾಗುವ, ಮುದುಕ ತರುಣನಾಗುವ ಈ ಒಪ್ಪಂದಕ್ಕೆ ಕ್ಯಾಮೆರಾ ಸುಲಭವಾಗಿ ಒಪ್ಪುವುದಿಲ್ಲ. ಆದರೆ ಕ್ಯಾಮೆರಾವನ್ನು ಎಲ್ಲಿ ಇಡಬೇಕು ಎಂಬುದು ಮನುಷ್ಯರ ಕೈಯಲ್ಲಿದೆ. ರಂಗದೆದುರು ಪ್ರೇಕ್ಷಕ ಕೂರುವ ಜಾಗದಲ್ಲಿ ಇಟ್ಟರೆ ಅದೂ ಪ್ರೇಕ್ಷಕನೇ. ಕಲಾವಿದರು ತಮಗೆ ಸಾಕೆನಿಸಿದಾಗ ಸಾಕೆನ್ನಬೇಕು. ಆ ನಿರ್ಧಾರ ಅವರದು. ರಂಗವೇರಲು ಅವರು ಸಿದ್ಧರಿರುವಾಗ ನಾವೇ ಅವರ ಪರವಾಗಿ ನಾಚಿಕೊಳ್ಳುವುದು ಗೌರವವಲ್ಲ, ಒಂದು ಬಗೆಯ ಅಸಹನೆ.

ಎರಡನೆಯ ಆಕ್ಷೇಪ ತಾತ್ವಿಕವಾದದ್ದು. ರಂಗಕಲೆಯ ಪ್ರಾಣವೇ ಕ್ಷಣಿಕತೆ. ಇಂದು ರಾತ್ರಿ ಆಡಿದ್ದು ನಾಳೆ ಇರುವುದಿಲ್ಲ. ಹಿಡಿದಿಟ್ಟರೆ ಅದು ರಂಗಕಲೆಯೇ ಅಲ್ಲ ಎಂಬ ವಾದವಿದೆ. ವಾದ ಚೆಲುವಾಗಿದೆ. ಆದರೆ ಇದನ್ನು ಮುಂದಿಡುವವರು ಪುಸ್ತಕದ ಸಂಸ್ಕೃತಿಯವರು. ತಮ್ಮ ಬರಹ ಮುದ್ರಣವಾಗಿ ಗ್ರಂಥಾಲಯದಲ್ಲಿ ಉಳಿಯುವುದೆಂಬ ಭರವಸೆ ಇರುವವರು. ಕವಿಯ ಕೃತಿ ಉಳಿಯಲಿ, ನಟನ ಕೃತಿ ಗಾಳಿಗೆ ಹೋಗಲಿ ಎನ್ನುವುದರಲ್ಲಿ ನ್ಯಾಯವಿಲ್ಲ. ಚಿತ್ರ ರಂಗಕ್ಕೆ ಬದಲಿಯಲ್ಲ ಎಂಬುದನ್ನು ಯಾರೂ ಅಲ್ಲಗಳೆಯರು. ನಕಾಶೆ ಊರಿಗೆ ಬದಲಿಯಲ್ಲ. ಆದರೂ ಊರು ಮುಳುಗಿದ ಮೇಲೆ ನಕಾಶೆಯಿಲ್ಲದಿದ್ದರೆ ಅಲ್ಲೊಂದು ಊರಿತ್ತೆಂದು ತೋರಿಸಲು ಏನೂ ಉಳಿಯದು.

ಹಾಗೆ ಮುಳುಗಿದ ಊರುಗಳು ನಮ್ಮಲ್ಲಿ ಹಲವು. ಮೈಸೂರು ಆಸ್ಥಾನದ ಜಟ್ಟಿ ತಾಯಮ್ಮನವರು (1857–1947) ಅಭಿನಯಕ್ಕೆ ಹೆಸರಾಗಿದ್ದರು. ಅವರ ಶಿಷ್ಯೆ ಕೆ. ವೆಂಕಟಲಕ್ಷಮ್ಮನವರು (1906–2002) ಮೈಸೂರು ವಿಶ್ವವಿದ್ಯಾಲಯದ ನೃತ್ಯ ವಿಭಾಗದಲ್ಲಿ ಪಾಠ ಹೇಳಿದ್ದರಿಂದ ಆ ಪರಂಪರೆ ಶಿಷ್ಯರ ಮೈಯಲ್ಲಿ ಇಂದಿಗೂ ಅಷ್ಟಿಷ್ಟು ಉಳಿದಿದೆ. ಗುರುವಿನದು ಈಗ ನೋಡಿದವರು ಬರೆದಿಟ್ಟ ಮಾತು ಮಾತ್ರ. 1934ರಲ್ಲಿ ತೆರೆಕಂಡ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ದಲ್ಲಿ ಅಂದಿನ ಪ್ರಸಿದ್ಧ ರಂಗನಟ ಎಂ.ವಿ. ಸುಬ್ಬಯ್ಯನಾಯ್ಡು ಅಭಿನಯಿಸಿದ್ದರು, ಅದರ ಒಂದು ಪ್ರತಿಯೂ ಇಂದು ನಮಗೆ ಉಳಿದಿಲ್ಲ. ದಾಖಲಿಸಿದ ಮಾತ್ರಕ್ಕೆ ಉಳಿಯುವುದಿಲ್ಲ, ಕಾಪಾಡಲೂ ಬೇಕು ಎಂಬ ಪಾಠವನ್ನು ಕನ್ನಡ ಚಿತ್ರರಂಗ ತನ್ನ ಮೊದಲ ಹೆಜ್ಜೆಯಲ್ಲಿಯೇ ಕಲಿಸಿದೆ.

ನಮ್ಮ ಕಾಲದಲ್ಲಿ ಪರಿಸ್ಥಿತಿ ಸುಧಾರಿಸಿದೆಯೆ? ನಾಗರತ್ನಮ್ಮನವರು 2012ರಲ್ಲಿ, ಚಿಟ್ಟಾಣಿ ರಾಮಚಂದ್ರ ಹೆಗಡೆಯವರು 2017ರಲ್ಲಿ, ಏಣಗಿ ಬಾಳಪ್ಪನವರು 2017ರಲ್ಲಿ, ಮಾಸ್ಟರ್ ಹಿರಣ್ಣಯ್ಯನವರು 2019ರಲ್ಲಿ, ಸುಭದ್ರಮ್ಮ ಮನ್ಸೂರರು 2020ರಲ್ಲಿ ತೀರಿಕೊಂಡರು. ಒಂದು ದಶಕದೊಳಗೆ ಒಂದು ಯುಗವೇ ಎದ್ದು ಹೋಯಿತು. ಯಕ್ಷಗಾನದ ಮಟ್ಟಿಗೆ ಅಭಿಮಾನಿಗಳ ಉತ್ಸಾಹ ಸರ್ಕಾರದ ಆಲಸ್ಯವನ್ನು ತಕ್ಕಮಟ್ಟಿಗೆ ತುಂಬಿಕೊಟ್ಟಿದೆ. ಚಿಟ್ಟಾಣಿಯವರ ಕುಣಿತವನ್ನು ಹಿಡಿದಿಟ್ಟವರು ಹಲವರು. ಹಿರಣ್ಣಯ್ಯನವರ ಮಾತು ಧ್ವನಿಸುರುಳಿಗಳಲ್ಲಿ ಮನೆಮನೆ ತಲುಪಿತ್ತು. ವೃತ್ತಿ ಕಂಪೆನಿಗಳ ಉಳಿದ ನಟನಟಿಯರ ಮಟ್ಟಿಗೆ ಮಾತ್ರ ನಮ್ಮ ಕೈಯಲ್ಲಿರುವುದು ಹೆಚ್ಚಾಗಿ ಸಂದರ್ಶನಗಳು, ಸನ್ಮಾನ ಸಮಾರಂಭಗಳ ತುಣುಕುಗಳು.

ಸಂದರ್ಶನ ಬೇಡವೆಂದು ನಾನು ಹೇಳುತ್ತಿಲ್ಲ. ಆದರೆ ಸಂದರ್ಶನವನ್ನೇ ದಾಖಲೆಯೆಂದು ತಿಳಿಯುವ ರೂಢಿಯನ್ನು ಪ್ರಶ್ನಿಸಬೇಕಾಗಿದೆ. ನಮ್ಮಲ್ಲಿ ಇಂಥ ಚಿತ್ರಗಳ ಮಾದರಿಯೊಂದು ಸಿದ್ಧವಾಗಿಬಿಟ್ಟಿದೆ. ಹಿರಿಯ ಕಲಾವಿದರನ್ನು ಜಗಲಿಯ ಕುರ್ಚಿಯಲ್ಲಿ ಕೂರಿಸಲಾಗುತ್ತದೆ. ಹಳೆಯ ಭಾವಚಿತ್ರಗಳ ಮೇಲೆ ಕ್ಯಾಮೆರಾ ನಿಧಾನವಾಗಿ ಹಾಯುತ್ತದೆ. ಗಣ್ಯರು ಬಂದು ‘ಅಪರೂಪದ ಚೇತನ’ ಎನ್ನುತ್ತಾರೆ. ಕಲಾವಿದರು ಎರಡು ಸಾಲು ಹಾಡುವಷ್ಟರಲ್ಲಿ ನಿರೂಪಕನ ದನಿ ಮೇಲೇರಿ ಹಾಡನ್ನು ಮುಚ್ಚುತ್ತದೆ. ಕೊನೆಗೆ ಮುಳುಗುವ ಸೂರ್ಯ. ಮನುಷ್ಯ ಬದುಕಿರುವಾಗಲೇ ತಯಾರಿಸಿಟ್ಟ ಶ್ರದ್ಧಾಂಜಲಿಯಂತೆ ಕಾಣುವ ಈ ಮಾದರಿಯಲ್ಲಿ ಇಲ್ಲದಿರುವುದು ಒಂದೇ: ಅವರ ಕಲೆ. ಕಾಲು ಹಾರ್ಮೋನಿಯಂನವನು ಶ್ರುತಿ ಹಿಡಿದೊಡನೆ ನಟಿ ಹೇಗೆ ಮಾತಿನಿಂದ ಹಾಡಿಗೆ ಜಾರುತ್ತಿದ್ದಳು, ‘ವನ್ಸ್ ಮೋರ್’ ಕೂಗು ಬಿದ್ದಾಗ ಸತ್ತು ಬಿದ್ದ ಪಾತ್ರವೇ ಎದ್ದು ಮತ್ತೆ ಹೇಗೆ ಹಾಡುತ್ತಿತ್ತು, ಮೈಕಿಲ್ಲದ ಕಾಲದಲ್ಲಿ ಕಲಿತ ಕಂಠ ಕೊನೆಯ ಸಾಲಿನ ಪ್ರೇಕ್ಷಕನನ್ನು ಹೇಗೆ ಮುಟ್ಟುತ್ತಿತ್ತು ಎಂಬುದನ್ನು ನೆನಪಿನ ಮಾತು ತಿಳಿಸಬಲ್ಲದೇ ಹೊರತು ಕಾಣಿಸಲಾರದು.

ನೆನಪಿನ ಮಾತನ್ನು ಸಾವಿನ ಬಳಿಕವೂ ಇತರರಿಂದ ಸಂಗ್ರಹಿಸಬಹುದು. ಬಿ.ವಿ. ಕಾರಂತರು 2002ರಲ್ಲಿ ತೀರಿಕೊಂಡ ಹತ್ತು ವರ್ಷಗಳ ಮೇಲೆ ಪಿ.ಎನ್. ರಾಮಚಂದ್ರ ಅವರು ಫಿಲ್ಮ್ಸ್ ಡಿವಿಷನ್‌ಗಾಗಿ ಅವರನ್ನು ಕುರಿತು ದೀರ್ಘ ಸಾಕ್ಷ್ಯಚಿತ್ರವನ್ನೇ ಮಾಡಿದರು. ಅದು ಆಗಬೇಕಾದ ಕೆಲಸ. ಆದರೆ ತಾಲೀಮಿನಲ್ಲಿ ಕುಳಿತು ಬರಿಯ ಕೋಲು, ಡಬ್ಬ, ಕಲ್ಲುಗಳಿಂದ ಸಂಗೀತ ಹುಟ್ಟಿಸುವ ಕಾರಂತರು 2002ರ ನಂತರದ ಯಾವ ಕ್ಯಾಮೆರಾಕ್ಕೂ ಸಿಕ್ಕಲಾರರು. ಕಲಾವಿದರ ಕೆಲಸಕ್ಕೆ ಗಡುವು ಇದೆ. ಆ ಗಡುವಿನ ದಿನಾಂಕ ಮಾತ್ರ ಯಾರಿಗೂ ಗೊತ್ತಿರುವುದಿಲ್ಲ.

ನೆರೆಯ ಕೇರಳದತ್ತ ನೋಡೋಣ. ಅಡೂರು ಗೋಪಾಲಕೃಷ್ಣನ್ ಅವರು 1974ರಲ್ಲಿ, ಎಂಬತ್ತು ದಾಟಿದ್ದ ಕಥಕಳಿ ಗುರು ಚೆಂಗನ್ನೂರು ರಾಮನ್ ಪಿಳ್ಳೆಯವರನ್ನು ಕುರಿತು ಚಿತ್ರ ಮಾಡಿದರು. ಕಥಾಚಿತ್ರಗಳಿಂದ ಜಗತ್ತಿನಲ್ಲೆಲ್ಲ ಹೆಸರು ಪಡೆದ ಮೇಲೂ ಅವರು ಈ ಕೆಲಸವನ್ನು ಕೈಬಿಡಲಿಲ್ಲ. 1999ರಲ್ಲಿ ಕಲಾಮಂಡಲಂ ಗೋಪಿ, 2001ರಲ್ಲಿ ಕೂಡಿಯಾಟ್ಟಂ, 2005ರಲ್ಲಿ ಕಲಾಮಂಡಲಂ ರಾಮನ್‌ಕುಟ್ಟಿ ನಾಯರ್ ಅವರ ಚಿತ್ರಗಳ ವಸ್ತುವಾದರು. ಭಾಷೆಯೊಂದರ ಅಗ್ರಮಾನ್ಯ ನಿರ್ದೇಶಕ ಅದೇ ಭಾಷೆಯ ರಂಗಕಲಾವಿದರ ಎದುರು ಮತ್ತೆ ಮತ್ತೆ ಹೋಗಿ ಕೂರುವುದು ಸಂಸ್ಕೃತಿಯ ಆರೋಗ್ಯದ ಲಕ್ಷಣ. ಪ್ರತಿಭಾವಂತ ನಿರ್ದೇಶಕರ ಸಾಲೇ ಇರುವ ಕನ್ನಡದಲ್ಲಿ, ವೃತ್ತಿ ರಂಗಭೂಮಿಯತ್ತ ಇಷ್ಟು ದೀರ್ಘಕಾಲ ಇಂಥ ಗಮನ ಹರಿಸಿದವರು ನನಗೆ ಕಾಣುತ್ತಿಲ್ಲ.

ಇಡೀ ಪ್ರದರ್ಶನವನ್ನು ದಾಖಲಿಸುವುದು ವ್ಯಾವಹಾರಿಕವಾಗಿ ಅಸಾಧ್ಯವೆಂಬ ಮಾತು ಕೇಳಿಬರುತ್ತದೆ. ನಮ್ಮ ನೆಲದಲ್ಲಿಯೇ ಅದಕ್ಕೆ ಉತ್ತರವಿದೆ. ಗೋಪಾಲ ನಾಯ್ಕರು ತುಳುವಿನಲ್ಲಿ ಹಾಡಿದ ಸಿರಿ ಮಹಾಕಾವ್ಯವನ್ನು 1990ರಲ್ಲಿ ಫಿನ್ಲೆಂಡಿನ ವಿದ್ವಾಂಸ ಲೌರಿ ಹಾಂಕೊ ಮತ್ತು ಕರಾವಳಿಯ ವಿದ್ವಾಂಸರು ಸೇರಿ ದಿನಗಟ್ಟಲೆ ಕುಳಿತು ಪೂರ್ತಿಯಾಗಿ ಧ್ವನಿಮುದ್ರಿಸಿಕೊಂಡರು, ಚಿತ್ರೀಕರಿಸಿಕೊಂಡರು. ಅದು 15,683 ಸಾಲುಗಳ ಕಾವ್ಯವಾಗಿ 1998ರಲ್ಲಿ ಅಚ್ಚಾಯಿತು. ‘ಅಜ್ಜ ಒಂದಿಷ್ಟು ಹಾಡಿ, ಸಾಕು’ ಎಂದು ಅವರು ಎದ್ದು ಬಂದಿದ್ದರೆ ಜಗತ್ತಿನ ದೊಡ್ಡ ಮೌಖಿಕ ಮಹಾಕಾವ್ಯಗಳಲ್ಲೊಂದು ತುಣುಕಾಗಿ ಉಳಿಯುತ್ತಿತ್ತು. ಮೂರು ದಶಕಗಳ ಹಿಂದೆ ಭಾರದ ಸಲಕರಣೆಗಳಿಂದ ಸಾಧ್ಯವಾದದ್ದು ಇಂದು ಅಂಗೈಯಲ್ಲಿ ಕ್ಯಾಮೆರಾ ಹಿಡಿದ ಕಾಲದಲ್ಲಿ ಅಸಾಧ್ಯವೆನ್ನಲು ನಾಲಗೆ ಹೊರಳಬಾರದು.

ಇನ್ನೊಂದು ಮಾತು: ಚಿತ್ರ ಯಾರದು? ನಿರ್ಮಾಪಕರದೆ, ಸಂಸ್ಥೆಯದೆ, ಕಲಾವಿದರದೆ? ಪ್ರದರ್ಶನಕಾರರಿಗೆ ತಮ್ಮ ಪ್ರದರ್ಶನದ ಮೇಲೆ ಹಕ್ಕಿದೆಯೆಂದು ನಮ್ಮ ಕೃತಿಸ್ವಾಮ್ಯ ಕಾಯಿದೆ ಒಪ್ಪಿಕೊಂಡದ್ದು 1994ರ ತಿದ್ದುಪಡಿಯಲ್ಲಿ. ಆಗ 25 ವರ್ಷವೆಂದಿದ್ದ ಅವಧಿ 1999ರಲ್ಲಿ 50 ವರ್ಷವಾಯಿತು. 2012ರ ತಿದ್ದುಪಡಿ ಅವರಿಗೆ ನೈತಿಕ ಹಕ್ಕುಗಳನ್ನೂ ಕೊಟ್ಟಿತು. ಇಷ್ಟಾದರೂ ಹಳ್ಳಿಯ ನಟಿಯೊಬ್ಬಳ ಮನೆಗೆ ಕ್ಯಾಮೆರಾ ಹೊತ್ತು ಹೋದವರಲ್ಲಿ ಎಷ್ಟು ಮಂದಿ ಲಿಖಿತ ಒಪ್ಪಂದ, ಸಂಭಾವನೆ, ಒಂದು ಪ್ರತಿ ಈ ಮೂರನ್ನೂ ಕೊಟ್ಟು ಬಂದಿದ್ದಾರೆ? ದಾಖಲೆಯ ಹೆಸರಿನಲ್ಲಿ ಕಲಾವಿದರ ಕೊನೆಯ ಆಸ್ತಿಯನ್ನು ಪುಕ್ಕಟೆಯಾಗಿ ಒಯ್ಯುವುದು ಸಂಸ್ಕೃತಿ ಸೇವೆಯಲ್ಲ.

ಆಗಬೇಕಾದ ಕೆಲಸ ದೊಡ್ಡ ಯೋಜನೆಯೇನೂ ಅಲ್ಲ. ದೇಶದ ಸಾಕ್ಷ್ಯಚಿತ್ರಗಳ ದೊಡ್ಡ ಆಸರೆಯಾಗಿದ್ದ ಫಿಲ್ಮ್ಸ್ ಡಿವಿಷನ್ 2022ರಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದೊಳಗೆ ವಿಲೀನವಾಗಿರುವುದರಿಂದ ರಾಜ್ಯಗಳ ಹೊಣೆ ಹೆಚ್ಚಿದೆ. ಕನ್ನಡ ಮತ್ತು ಸಂಸ್ಕೃತಿ ಇಲಾಖೆ, ನಾಟಕ ಅಕಾಡೆಮಿ, ಯಕ್ಷಗಾನ ಅಕಾಡೆಮಿ, ಚಲನಚಿತ್ರ ಅಕಾಡೆಮಿಗಳು ಒಟ್ಟಿಗೆ ಕುಳಿತು ಒಂದು ನಿಯಮ ಮಾಡಿಕೊಳ್ಳಲಿ: ರಂಗಕಲಾವಿದರಿಗೆ ಪ್ರಶಸ್ತಿ ಘೋಷಿಸಿದ ವರ್ಷವೇ ಅವರ ಒಂದು ಪ್ರದರ್ಶನವನ್ನು, ಅವರು ಆಯ್ದ ಪಾತ್ರದಲ್ಲಿ, ಅವರ ಒಗ್ಗಿದ ಹಿಮ್ಮೇಳದೊಂದಿಗೆ, ಅವರ ಊರಿನ ಪ್ರೇಕ್ಷಕರ ಎದುರಿನಲ್ಲಿ ಆದಿಯಿಂದ ಅಂತ್ಯದವರೆಗೆ ಚಿತ್ರೀಕರಿಸುವುದು. ಕತ್ತರಿಸಿದ ಚಿತ್ರ ಬೇರೆ. ಕತ್ತರಿಸದ ಮೂಲವನ್ನು ಸಾರ್ವಜನಿಕ ಸಂಗ್ರಹಾಲಯದಲ್ಲಿ ಇಡುವುದು. ಕಲಾವಿದರಿಗೆ ಸಂಭಾವನೆ ಮತ್ತು ಪ್ರತಿ ಕೊಡುವುದು. ಪ್ರಶಸ್ತಿ ಪ್ರದಾನದ ವೇದಿಕೆ, ಹೂವು, ಆಹ್ವಾನಪತ್ರಿಕೆಗಳ ವೆಚ್ಚದಲ್ಲಿ ಒಂದಂಶ ಇದಕ್ಕೆ ಸಾಕಾದೀತು.

ಬಾಲಸರಸ್ವತಿಯವರು 1984ರ ಫೆಬ್ರುವರಿಯಲ್ಲಿ, ಚಿತ್ರ ಮುಗಿದ ಎಂಟು ವರ್ಷಗಳ ಬಳಿಕ, ನಿಧನರಾದರು. ಆಗ ಹುಟ್ಟಿಯೇ ಇರದಿದ್ದ ನೃತ್ಯ ವಿದ್ಯಾರ್ಥಿನಿ ಇಂದು ಆ ಚಿತ್ರವನ್ನು ನೋಡಿ, ಒಂದು ಕರೆಗೆ ಕೈ ಎಷ್ಟು ಚಾಚಬೇಕು, ಎಲ್ಲಿ ನಿಲ್ಲಿಸಬೇಕು ಎಂಬುದನ್ನು ಕಲಿಯಬಲ್ಲಳು. ತಡವಾಗಿ ಬಂದ 33 ನಿಮಿಷಗಳು ಇಷ್ಟು ಕೊಟ್ಟಿವೆ. ಕನ್ನಡ ರಂಗಭೂಮಿಯ ಎಷ್ಟೋ ಹಿರಿಯರು ಈ ಸಂಜೆಯೂ ಯಾವುದೋ ಜಾತ್ರೆಯ ಡೇರೆಯ ಹಿಂದೆ ಕನ್ನಡಿಯೆದುರು ಕುಳಿತು ಬಣ್ಣ ಹಚ್ಚಿಕೊಳ್ಳುತ್ತಿರುತ್ತಾರೆ. ಅವರಿಗೆ ಹೊದಿಸಲು ನಮ್ಮ ಬಳಿ ಶಾಲುಗಳು ಸಾಕಷ್ಟಿವೆ. ಈ ವರ್ಷ ಶಾಲಿನ ಜೊತೆಗೆ ಒಂದು ಕ್ಯಾಮೆರಾವೂ ಹೋಗಲಿ, ನಾಟಕ ಮುಗಿಯುವವರೆಗೆ ಅಲ್ಲಿಯೇ ಇರಲಿ.